ವಿಶಾಲಾಕ್ಷಮ್ಮನವರಿಗೆ ಸಾಕ್ಷಿ ಹುಡುಕಿದ್ದು

ನಲವತ್ತು ಹೇಳಿದ, ಇಪ್ಪತ್ತೆಂಟಕ್ಕೆ ಕೊಟ್ಟ. ನಂಜನಗೂಡಿನ ಬಸ್ ನಿಲ್ದಾಣದ ಎದುರು ಟಾರ್ಪಾಲಿನ ಮೇಲೆ ಸಿ.ಡಿ. ಹರಡಿಕೊಂಡು ಕೂರುವವನ ಹತ್ತಿರ ಎರಡು ಸಿ.ಡಿ.ಯ ಸಿನಿಮಾವನ್ನು ಅದಕ್ಕಿಂತ ಕಡಿಮೆಗೆ ಯಾರಾದರೂ ತಂದಿದ್ದರೆ ಬಂದು ಹೇಳಿ, ಅಂಗಡಿಯಲ್ಲಿ ಕೂರಿಸಿ ಕಾಫಿ ಕೊಡಿಸುತ್ತೇನೆ. ನಿಜ ಹೇಳಬೇಕೆಂದರೆ ನಾನು ಕೇಳಿದ್ದು ಒಂದೇ ಸಿ.ಡಿ.ಯನ್ನು. ನನಗೆ ಬೇಕಾಗಿದ್ದದ್ದು ಎರಡನೆಯದು ಮಾತ್ರ.

"ಮೊದಲ್ನೇದು ನೀನೇ ಇಟ್ಕೊಳಪ್ಪ. ಎರಡನೇದ್ ಮಾತ್ರ ಕೊಡು, ಅರ್ಧ ರೇಟ್ ಹಾಕ್ಕೊ" ಎಂದೆ.

ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿದ. "ಅಣ್ಣೋ, ಎಡಗಾಲ್ ಚಪ್ಲಿ ಮಾತ್ರ ಕೊಡು ಅಂತ ಬೇರೆ ಅಂಗ್ಡೀಲಿ ಕೇಳ್ಬುಟ್ಟೀರಿ, ಒಡುದ್ಬುಡ್ತಾರೆ."

ಜೋಡಿಯಾಗಿಯೇ ಕೊಳ್ಳಬೇಕಾಯಿತು. ಮನೆಗೆ ತಂದಾಗ ನಮ್ಮ ಮನೆಯವರು ಕೇಳಿದ ಮೊದಲ ಪ್ರಶ್ನೆ, "ಇದನ್ನ ಯಾತರಲ್ಲಿ ಹಾಕಿ ನೋಡ್ತೀರಿ?" ಎಂದು. ನಮ್ಮ ಮನೆಯಲ್ಲಿ ಸಿ.ಡಿ. ಹಾಕುವ ಪ್ಲೇಯರೇ ಇರಲಿಲ್ಲ. ಅಗ್ಗಕ್ಕೆ ಸಿಕ್ಕಿತೆಂದು ಮೊದಲು ಸಾಮಾನು ತಂದು, ಆಮೇಲೆ ಅದಕ್ಕೊಂದು ಉಪಯೋಗ ಹುಡುಕುವವರ ಪೈಕಿ ನಾನು. ಆದರೆ ಈ ಸಲ ಉಪಯೋಗ ಮೊದಲೇ ಗೊತ್ತಿತ್ತು. ನನಗೆ ಸಾಕ್ಷಿ ಬೇಕಾಗಿತ್ತು.

ಆ ಸಿನಿಮಾದ ಎರಡನೇ ಸಿ.ಡಿ.ಯಲ್ಲಿ ಆಸ್ಪತ್ರೆಯ ಮೆಟ್ಟಿಲ ಪಕ್ಕ ಕೂತು ಎಳನೀರು ಮಾರುವ ಒಬ್ಬ ಮುದುಕಿ ಬರುತ್ತಾಳೆ. ನಾಲ್ಕು ನಿಮಿಷ ಇದ್ದು ಹೋಗುತ್ತಾಳೆ. ಆ ಮುದುಕಿ ವಿಶಾಲಾಕ್ಷಮ್ಮ. ನಮ್ಮ ನಂಜನಗೂಡು, ತಿ. ನರಸೀಪುರದ ಹಳ್ಳಿಹಳ್ಳಿಯ ಸ್ಟೇಜುಗಳ ಮೇಲೆ ರಾಣಿಯಾಗಿ, ತೊತ್ತಾಗಿ, ಗಯ್ಯಾಳಿಯಾಗಿ, ಗರತಿಯಾಗಿ ಅರ್ಧ ಆಯುಷ್ಯ ಕಳೆದವರು. ಅಂಥವರು ಈಗ ತಾವು ನಟಿ ಎಂಬುದನ್ನು ರುಜುವಾತು ಮಾಡಬೇಕಾಗಿತ್ತು. ಮಂಡಿ ಸವೆದು ಸ್ಟೇಜಿನ ಮೆಟ್ಟಿಲು ಹತ್ತುವ ಹಾಗಿರಲಿಲ್ಲ. ಕಲಾವಿದರಿಗೆ ಸರ್ಕಾರ ಕೊಡುವ ಮಾಸಾಶನಕ್ಕೆ ಅರ್ಜಿ ಹಾಕಿದ್ದರು. ಅರ್ಜಿಯ ಜೊತೆ ಇಷ್ಟು ವರ್ಷ ಕಲಾಸೇವೆ ಮಾಡಿದ್ದಕ್ಕೆ ದಾಖಲೆ ಇಡಬೇಕು. ಹೆಸರಿರುವ ಕರಪತ್ರವೋ, ಪತ್ರಿಕೆಯ ತುಂಡೋ, ಸನ್ಮಾನ ಪತ್ರವೋ, ಏನಾದರೂ ಸರಿ, ತಿಂಗಳ ಕೊನೆಯೊಳಗೆ ಇಡಬೇಕು. ಅವರ ಹತ್ತಿರ ಒಂದು ಚೀಟಿಯೂ ಇರಲಿಲ್ಲ. ಹಾಗೆ ಇಲ್ಲದಿರುವುದಕ್ಕೆ ಕಾರಣರಾದವರಲ್ಲಿ ನಾನೂ ಒಬ್ಬ.

ನನ್ನದು ಗೋಣಿಚೀಲದ ವ್ಯಾಪಾರ. ಹೊಸ ಚೀಲವಲ್ಲ, ಹಳೆಯದು. ದಿನಸಿ ಅಂಗಡಿಗಳಲ್ಲಿ ಸಕ್ಕರೆ, ಬೇಳೆ ಖಾಲಿಯಾದ ಚೀಲಗಳನ್ನು ಕೊಂಡು, ಒದರಿ, ತೂತು ಹೊಲಿಸಿ, ಸುಗ್ಗಿಯಲ್ಲಿ ಭತ್ತ ತುಂಬುವವರಿಗೆ ಮಾರುವುದು. ಸೈಕಲ್ಲಿನ ಹಿಂದೆ ಚೀಲದ ಕಟ್ಟು ಹೇರಿಕೊಂಡು ತಲಕಾಡಿನ ಮರಳಿನಲ್ಲಿ ತಳ್ಳಿ ತಳ್ಳಿಯೇ ನಂಜನಗೂಡಿನಲ್ಲಿ ಒಂದು ಅಂಗಡಿ ಮಾಡಿಕೊಂಡವನು ನಾನು. ಬಸಪ್ಪ ಎಂದರೆ ಯಾರಿಗೂ ಗೊತ್ತಾಗುವುದಿಲ್ಲ, ಚೀಲದ ಬಸಪ್ಪ ಎನ್ನಬೇಕು. ಇಪ್ಪತ್ತು ವರ್ಷ ಹಳೇ ಚೀಲದೊಳಗೆ ಕೈಯಾಡಿಸಿದವನಿಗೆ ಯಾವ ವಸ್ತು ಕಂಡರೂ ಮೊದಲು ಕಾಣುವುದು ತೂತೇ. ಬೆಲೆ ಇಳಿಸುವುದಕ್ಕೆ ಅದೇ ದಾರಿ. ಹಾಗಾಗಿ ತೊಂಬತ್ತರ ದಶಕದ ಶುರುವಿನಲ್ಲಿ, ತಿ. ನರಸೀಪುರದಿಂದ ತಲಕಾಡಿಗೆ ಹೋಗುವ ದಾರಿಯಲ್ಲಿರುವ ನಮ್ಮೂರಿನವರು ನಾಟಕ ಆಡಲು ಹೊರಟಾಗ ಚೌಕಾಸಿಯ ಖಾತೆ ನನಗೇ ಬಂತು.

ಪೌರಾಣಿಕ ಬೇಡ, ಈ ಸಲ ಸಾಮಾಜಿಕ ನಾಟಕವಾಗಲಿ ಎಂದು ತೀರ್ಮಾನ ಮಾಡಿಸಿದವನೂ ನಾನೇ. ಕಲೆಯ ವಿಚಾರವೇನಲ್ಲ, ಕಿರೀಟ ಗದೆಗಳ ಬಾಡಿಗೆ ಉಳಿಯುತ್ತದೆ. ಹಾರ್ಮೋನಿಯಂ ಮೇಷ್ಟ್ರು ತಾವೇ ಒಂದು ಕಥೆ ಬರೆದರು. ಗಂಡ, ಅತ್ತೆ, ಸೊಸೆ, ಒಬ್ಬ ಕುಡುಕ ಮೈದುನ, ಒಬ್ಬ ಸಾಹುಕಾರ. ನಮ್ಮ ಕಡೆಯ ರೂಢಿ ನಿಮಗೆ ಗೊತ್ತಿರಬಹುದು. ಗಂಡು ಪಾತ್ರವೆಲ್ಲ ಊರಿನವರದು, ಹೆಣ್ಣು ಪಾತ್ರಕ್ಕೆ ಹೊರಗಿನಿಂದ ಕಲಾವಿದೆಯರನ್ನು ಕರೆಸುವುದು. ಅವರು ಬರುವುದು ನಾಟಕದ ದಿನವೇ. ಅಲ್ಲಿಯತನಕ ತಾಲೀಮಿನಲ್ಲಿ ಹೆಂಗಸರ ಮಾತನ್ನೆಲ್ಲ ಮೇಷ್ಟ್ರೇ ಹೇಳುತ್ತಾರೆ. ಮೂರು ತಿಂಗಳು ನಮ್ಮೂರಿನ ಸಿದ್ದರಾಜು, ಅಂದರೆ ನಾಟಕದ ಗಂಡ, ಮೇಷ್ಟ್ರ ನರೆತ ಗಡ್ಡ ನೋಡಿಕೊಂಡು "ಪ್ರಿಯೇ" ಎನ್ನುತ್ತಿದ್ದ.

ನಾಟಕಕ್ಕೆ ಒಂದು ವಾರವಿದೆ ಎನ್ನುವಾಗ ನಾನು ವಿಶಾಲಾಕ್ಷಮ್ಮನವರ ಮನೆಗೆ ಹೋದೆ. ಬೇಕೆಂದೇ ತಡ ಮಾಡಿದ್ದೆ. ಕೊನೆಯ ವಾರದಲ್ಲಿ ಖಾಲಿ ಕೂತ ಕಲಾವಿದೆಯರ ರೇಟು ಇಳಿದಿರುತ್ತದೆ. ನಂಜನಗೂಡಿನ ರೈಲ್ವೆ ಸ್ಟೇಷನ್ನಿನ ಹಿಂದಿನ ಗಲ್ಲಿಯಲ್ಲಿ ಒಂದು ಕೋಣೆ, ಒಂದು ಅಡುಗೆಮನೆ. ಮೊರದಲ್ಲಿ ಅಕ್ಕಿ ಹರಡಿಕೊಂಡು ಕಲ್ಲು ಆರಿಸುತ್ತಾ ಕೂತಿದ್ದರು. ನಲವತ್ತು ದಾಟಿದ, ನೋಡಲು ಸಾಧಾರಣ ಹೆಂಗಸು. ತೂತು ಹುಡುಕುವ ನನ್ನ ಕಣ್ಣಿಗೆ ಬೇಕಾದಷ್ಟು ಸಿಕ್ಕಿತು.

"ಇಬ್ಬರನ್ನ ಕರೆಸೋ ಶಕ್ತಿ ನಮ್ಮೂರಿಗೆ ಇಲ್ಲಮ್ಮ. ಅತ್ತೆ, ಸೊಸೆ ಎರಡೂ ನೀವೇ ಮಾಡ್ಬಿಡಿ. ಒಂದೂವರೆ ಪಾಲು ಕೊಡ್ತೀವಿ."

"ಮಧ್ಯ ಸೀರೆ ಬದಲಾಯ್ಸೋಕೆ ಟೈಮಿದೆಯೇನ್ರೀ?"

"ಬೇಕಾದಷ್ಟಿದೆ" ಎಂದೆ. ನಾಟಕ ಓದಿಯೇ ಇರಲಿಲ್ಲ.

ಅವರು ಅಕ್ಕಿಯಿಂದ ಒಂದು ಕಲ್ಲು ತೆಗೆದು ಪಕ್ಕಕ್ಕಿಟ್ಟರು. "ಆಯ್ತು. ಆದ್ರೆ ಕರಪತ್ರದಲ್ಲಿ ನನ್ನ ಹೆಸರು ಹಾಕ್ಸಿ. ಇಷ್ಟು ವರ್ಷ ಆಯ್ತು, ಒಂದು ಹಾಳೇಲೂ ನನ್ನ ಹೆಸರಿಲ್ಲ."

ಕರಪತ್ರ ಆಗಲೇ ಅಚ್ಚಾಗಿ ಹಂಚಿಯೂ ಆಗಿತ್ತು. ಗಂಡನ ಪಾತ್ರದಿಂದ ಹಿಡಿದು ಪರದೆ ಎಳೆಯುವವನವರೆಗೆ ಮೂವತ್ತನಾಲ್ಕು ಹೆಸರು. ಮೇಲ್ವಿಚಾರಕರು ಎಂದು ದಪ್ಪ ಅಕ್ಷರದಲ್ಲಿ ನನ್ನದು. ತಳದಲ್ಲಿ, 'ಸ್ತ್ರೀ ಪಾತ್ರಗಳಲ್ಲಿ ಮೈಸೂರಿನ ಪ್ರಖ್ಯಾತ ಕಲಾವಿದೆಯರು'. ಜೇಬಿನಲ್ಲಿದ್ದ ಒಂದನ್ನು ತೆಗೆದು ತೋರಿಸಿ, "ಪ್ರಖ್ಯಾತ ಅಂತ ಹಾಕ್ಸಿದೀವಲ್ಲಮ್ಮ" ಎಂದೆ.

"ಈ ಪ್ರಖ್ಯಾತ ಯಾರ್ರೀ? ನಮ್ಮ ಪೈಕಿ ಆ ಹೆಸರಿನೋಳು ಯಾರೂ ಇಲ್ವಲ್ಲ!" ಎಂದು ನಕ್ಕುಬಿಟ್ಟರು. ನಾನೂ ನಕ್ಕೆ. ಗೆದ್ದೆ ಎಂದುಕೊಂಡು ಬಸ್ಸು ಹತ್ತಿದೆ.

ನಾಟಕದ ದಿನ ಮಧ್ಯಾಹ್ನ ಟ್ರಂಕು ಹಿಡಿದು ಬಂದಿಳಿದರು. ಮೇಷ್ಟ್ರಿಂದ ಪುಸ್ತಕ ಇಸಿದುಕೊಂಡು ನಮ್ಮ ಜಗುಲಿಯ ಕಂಬಕ್ಕೆ ಒರಗಿ ತುಟಿ ಅಲ್ಲಾಡಿಸುತ್ತಾ ಓದಿದರು. ಐದು ಗಂಟೆಯ ಹೊತ್ತಿಗೆ ನನ್ನನ್ನು ಕರೆದರು.

"ಬಸಪ್ಪನವರೇ, ಮೂರನೇ ಅಂಕದಲ್ಲಿ ಅತ್ತೆ ಸೊಸೆ ಎದುರುಬದುರು ನಿಂತು ಜಗಳ ಆಡ್ತಾರೆ. ಎಂಟು ಪುಟ. ನಾನು ಯಾರ ಜೊತೆ ಜಗಳ ಆಡ್ಲಿ?"

ಮೇಷ್ಟ್ರನ್ನು ಕರೆಸಿದೆ. ಅವರು ಪುಸ್ತಕ ನೋಡಿ ಹಣೆ ಚಚ್ಚಿಕೊಂಡರು. "ಮೂರು ತಿಂಗ್ಳಿಂದ ಇಬ್ಬರ ಮಾತೂ ನಾನೇ ಯೋಳ್ತಿದ್ನಲ್ಲ ಕಣ್ರೀ, ಗೊತ್ತೇ ಆಗ್ನಿಲ್ಲ!"

"ನಂಗೂ ಗೊತ್ತಾಗ್ನಿಲ್ಲ ಸಾ" ಎಂದ ಸಿದ್ದರಾಜು. "ಆ ಸೀನಲ್ಲಿ ನಂಗೆ ಮಾತೇ ಇಲ್ಲ. ಅವ್ವ ಎಂಡ್ತಿ ಕಿತ್ತಾಡ್ವಾಗ ಗಂಡ ಸುಮ್ನೆ ನಿಂತಿರದು."

ಕುಡುಕನ ಪಾತ್ರದವನಿಗೆ ಸೀರೆ ಉಡಿಸೋಣವೆಂದರೆ ಅವನು ಮೀಸೆ ತೆಗೆಯಲು ಒಪ್ಪಲಿಲ್ಲ. ಜನ ಆಗಲೇ ಚಾಪೆ ಹಾಸಿ ಜಾಗ ಹಿಡಿಯುತ್ತಿದ್ದರು. ವಿಶಾಲಾಕ್ಷಮ್ಮ ಎದ್ದು ಸೀರೆ ಕೊಡವಿಕೊಂಡರು. "ಸ್ಟೇಜಿನ ಮೇಲೆ ಒಂದು ಬಾಗಿಲು ನಿಲ್ಲಿಸಿ. ಅತ್ತೆಗೆ ಮೈ ಹುಷಾರಿಲ್ಲ, ಒಳಗೆ ಮಲಗಿದಾಳೆ. ಇನ್ನು ನೀವು ಹೋಗಿ."

ಏಳು ಗಂಟೆಗೆ ಶುರುವಾಯಿತು. ಮೂರನೇ ಅಂಕದಲ್ಲಿ ಸೊಸೆ ಬಾಗಿಲ ಪಕ್ಕ ಕುಸಿದು ಕೂತು, ಸೆರಗನ್ನು ಬಾಯಿಗೆ ಒತ್ತಿಕೊಂಡು ಬಿಕ್ಕಿದಳು. ಆ ಸೆರಗಿನ ಹಿಂದಿನಿಂದಲೇ ಅತ್ತೆಯ ದನಿ ಎದ್ದಿತು. ಒಣಗಿದ, ಕಫ ಕಟ್ಟಿದ, ಮಲಗಿದಲ್ಲಿಂದಲೇ ಮನೆಯಾಳುವ ದನಿ. ಸೊಸೆಯ ಭುಜ ಬಿಕ್ಕುತ್ತಿದೆ, ಅತ್ತೆಯ ಬೈಗುಳ ಬರುತ್ತಿದೆ. ನಾನು ಮುಂದಿನ ಸಾಲಿನಲ್ಲಿ ಕೂತಿದ್ದೆ, ಗುಟ್ಟು ಗೊತ್ತಿತ್ತು, ಆದರೂ ನನ್ನ ಕಣ್ಣು ಸೊಸೆಯ ಮೇಲಿರದೆ ಮುಚ್ಚಿದ ಬಾಗಿಲ ಮೇಲಿತ್ತು. ನನ್ನ ಹಿಂದಿದ್ದ ಮುದುಕಿಯೊಬ್ಬಳು ತಡೆಯಲಾರದೆ ಎದ್ದು ನಿಂತು ಕೂಗಿದಳು: "ಆಚ್ಗೆ ಬಂದ್ ಮಾತಾಡೇ ಮೂದೇವಿ! ಒಳ್ಗೇ ಬಿದ್ಕಂದು ಅದೇನ್ ಬೊಗುಳ್ತೀಯ!"

ನಾಟಕ ಮುಗಿದ ಮೇಲೆ ಮೂವರು ಹೆಂಗಸರು ಎರಡು ತಾಂಬೂಲ ಹಿಡಿದು ಪರದೆಯ ಹಿಂದೆ ಬಂದರು. "ಇದು ನಿಮ್ಗೆ ಇಸಾಲಾಕ್ಷಮ್ಮ. ಅತ್ತೆ ಪಾರ್ಟ್ ಮಾಡುದ್ರಲ್ಲ, ಆಯಮ್ಮ ಎಲ್ಲಿ?"

"ಈಗ್ತಾನೆ ಹೊರಟ್ರು, ನನ್ನ ಕೈಲಿ ಕೊಡಿ, ತಲುಪಿಸ್ತೀನಿ" ಎಂದು ವಿಶಾಲಾಕ್ಷಮ್ಮ ಎರಡೂ ತಾಂಬೂಲವನ್ನು ಟ್ರಂಕಿಗೆ ಹಾಕಿಕೊಂಡರು. ನಾನು ಒಂದೂವರೆ ಪಾಲಿಗೆ ಇಳಿಸಿದ್ದನ್ನು ಅವರು ಅಲ್ಲಿ ಅಷ್ಟರಮಟ್ಟಿಗೆ ಸರಿ ಮಾಡಿಕೊಂಡರು.

ಅಂದಿನಿಂದ ಅವರು ಎಲ್ಲಿ ಆಡಿದರೂ ನೋಡುವ ಚಟ ನನಗೆ ಹತ್ತಿತು. ತಿ. ನರಸೀಪುರದಲ್ಲಿ ಟೆಂಟು ಹಾಕಿದ್ದ ನಾಟಕ ಕಂಪನಿಯಲ್ಲಿ ಹಾಸ್ಯಪಾತ್ರ ಮಾಡಿದರು. ಕೆಪ್ಪು ಮನೆಕೆಲಸದವಳು. ಒಂದೇ ಸಮನೆ ನಕ್ಕು ನಕ್ಕು ಪಕ್ಕದವನ ಹೆಗಲ ಮೇಲೆ ಬಿದ್ದಿದ್ದೇನೆ. ಮೈಸೂರಿನ ಹವ್ಯಾಸಿಗಳ ಹೊಸ ನಮೂನೆ ನಾಟಕವೊಂದರಲ್ಲಿ ಒಂದು ಮಾತೂ ಆಡದೆ ಬೆಳ್ಳುಳ್ಳಿ ಸುಲಿಯುತ್ತಾ ಕೂತಿದ್ದರು. ನಾಟಕ ನನಗೆ ಎಳ್ಳಷ್ಟೂ ಅರ್ಥವಾಗಲಿಲ್ಲ. ಬೆಳ್ಳುಳ್ಳಿ ಮಾತ್ರ ಅರ್ಥವಾಯಿತು. ಆ ಮನೆಗೆ ಯಾರೋ ಬರಬೇಕಾಗಿದೆ, ಬರುವುದಿಲ್ಲ ಎಂಬುದು ಆ ಬೆರಳುಗಳಿಂದಲೇ ತಿಳಿಯುತ್ತಿತ್ತು.

ಆ ಗುಂಪಿನವರ ಇನ್ನೊಂದು ನಾಟಕಕ್ಕೆ ಗೋಣಿಯ ಉಡುಪು ಬೇಕೆಂದು ವಿಶಾಲಾಕ್ಷಮ್ಮ ಒಮ್ಮೆ ನನ್ನ ಅಂಗಡಿಗೇ ಬಂದರು. ಚೀಲಗಳನ್ನು ಒಂದೊಂದಾಗಿ ಮೂಸಿ ನೋಡಿದರು. "ಸಕ್ಕರೇದು ಬೇಡ, ಇರುವೆ ಬರ್ತವೆ. ಮೆಣಸಿನಕಾಯಿದಂತೂ ಬೇಡವೇ ಬೇಡ, ಸ್ಟೇಜಿನ ಮೇಲೆ ಸೀನು ಬರುತ್ತೆ." ಕೊನೆಗೆ ಒಂದು ಕಡಲೆಬೇಳೆ ಚೀಲ ಹಿಡಿದರು. ಎಂಟು ರೂಪಾಯಿ ಎಂದೆ. ಬೇರೆಯವರ ಮಗುವನ್ನು ವಾಪಸು ಕೊಡುವ ಹಾಗೆ ಆ ಚೀಲವನ್ನು ಮೆಲ್ಲಗೆ ಅಟ್ಟಿಯ ಮೇಲಿಟ್ಟು, ಒಮ್ಮೆ ಸವರಿ, ಬಾಗಿಲ ಕಡೆ ತಿರುಗಿದರು. ನನಗೆ ಏನಾಯಿತೋ, "ಐದು ಕೊಡಿ" ಎಂದುಬಿಟ್ಟೆ. ಹೊಲಿಯುವ ದಾರವನ್ನೂ ಪುಕ್ಕಟೆ ಕೊಟ್ಟೆ. ನನ್ನ ಅಂಗಡಿಯಲ್ಲಿ ಬಾಯಿ ಬಿಡದೆ ನನ್ನನ್ನು ಇಳಿಸಿದ ಗಿರಾಕಿ ಇನ್ನೊಬ್ಬರಿಲ್ಲ.

ಆಮೇಲೆ ಟಿ.ವಿ. ಬಂತು. ಧಾರಾವಾಹಿಯೊಂದರಲ್ಲಿ ಎರಡು ಕಂತು ಜಡ್ಜಮ್ಮನಾಗಿದ್ದರು. ಕೋರ್ಟಿನ ಮೆಟ್ಟಿಲು ಹತ್ತಿದವರಲ್ಲ. ಆದರೆ ಕನ್ನಡಕದ ಮೇಲಿಂದ ಅವರು ನೋಡಿದ ನೋಟಕ್ಕೆ, ಜಮೀನಿನ ವ್ಯಾಜ್ಯದಲ್ಲಿ ಸೋತಿದ್ದ ನಮ್ಮ ಭಾವಮೈದುನ ಸೋಫಾದಿಂದ ಕಾಲು ಕೆಳಗಿಳಿಸಿದ. ಮಾರುಕಟ್ಟೆಯಲ್ಲಿ ಸೊಪ್ಪಿನವಳು, "ಅಮ್ಮಾ, ನಮ್ಮ ಸೈಟಿನ ಕೇಸು ನಿಮ್ಮತ್ರನೇ ಬತ್ತದಾ?" ಎಂದು ಕೇಳಿದಳಂತೆ.

ಇಷ್ಟೆಲ್ಲ ಮಾಡಿಯೂ ಕೈಯಲ್ಲಿ ಕಾಗದವಿಲ್ಲ. ಅರ್ಜಿಯ ವಿಷಯವನ್ನು ಅವರು ಹೇಳಿದ್ದು ದೂರಿನಂತಲ್ಲ. ಮಂಡಿಗೆ ಎಣ್ಣೆ ತಿಕ್ಕಿಕೊಳ್ಳುತ್ತಾ, "ನಾನು ನಟಿ ಅನ್ನೋಕೆ ಸಾಕ್ಷಿ ಬೇಕಂತೆ ಬಸಪ್ಪನವರೇ. ಯಾರ ಪಾತ್ರ ಕೊಟ್ರೂ ಮಾಡ್ತೀನಿ, ನನ್ನ ಪಾತ್ರವೇ ಆಗ್ತಾ ಇಲ್ಲ ನೋಡಿ" ಎಂದರು. ನನ್ನ ಜೇಬಿನ ಕರಪತ್ರ ಅವರಿಗೆ ನೆನಪಿತ್ತೋ ಇಲ್ಲವೋ, ನನಗೆ ನೆನಪಾಯಿತು. ಅಲ್ಲಿಂದಲೇ ಸಿ.ಡಿ. ಅಂಗಡಿಗೆ ಹೋಗಿದ್ದು.

ಪಕ್ಕದ ಮನೆಯಿಂದ ಪ್ಲೇಯರ್ ತಂದು ಸಿನಿಮಾ ಹಾಕಿದೆವು. ಆಸ್ಪತ್ರೆಯೊಳಗೆ ತಾಯಿ ಸತ್ತು, ಹೀರೋ ಹೊರಗೆ ಬಂದು ಮೆಟ್ಟಿಲ ಮೇಲೆ ಕೂರುತ್ತಾನೆ. ಎಳನೀರಿನ ಮುದುಕಿ ಸಮಾಧಾನದ ಮಾತು ಹೇಳುವುದಿಲ್ಲ. ಒಂದು ಎಳನೀರು ಕೆತ್ತಿ, ಅವನ ಕೈಗೆ ಕೊಡುವ ಮೊದಲು ಅದರ ಬಾಯನ್ನು ತನ್ನ ಸೆರಗಿನಿಂದ ಒರೆಸುತ್ತಾಳೆ, ಅಷ್ಟೇ. ನಮ್ಮ ಮನೆಯವರು ಎದ್ದು ಅಡುಗೆಮನೆಗೆ ಹೋದವರು ಹತ್ತು ನಿಮಿಷ ಬರಲಿಲ್ಲ. ನಾನು ಹೆಸರುಗಳ ಪಟ್ಟಿಯನ್ನು ಮೂರು ಸಲ ಹಿಂದಕ್ಕೆ ಓಡಿಸಿ ನೋಡಿದೆ. ಎಲ್ಲರ ಹೆಸರೂ ಇತ್ತು. ಕೊನೆಗೆ, 'ಮತ್ತು ಇತರರು'.

ಆದರೂ ಸಿ.ಡಿ.ಯನ್ನೂ ಹಳೆಯ ಕರಪತ್ರವನ್ನೂ ಹಿಡಿದು ಕಚೇರಿಗೆ ಹೋದೆ. ಅಲ್ಲಿದ್ದ ಗುಮಾಸ್ತರು ಒಳ್ಳೆಯ ಮನುಷ್ಯ. ಕೂರಿಸಿ ಮಾತಾಡಿದರು.

"ಇದರಲ್ಲಿ ಮುಖ ಇದೆ ಅಂತೀರಿ, ಹೆಸರಿಲ್ಲ. ಈ ಕರಪತ್ರದಲ್ಲಿ ಮೂವತ್ತನಾಲ್ಕು ಹೆಸರಿದೆ, ಅವರದೊಂದೇ ಇಲ್ಲ. ಮೇಲ್ವಿಚಾರಕರು ಅಂತ ದಪ್ಪಗೆ ಹಾಕ್ಕೊಂಡಿದಾರಲ್ಲ, ಈ ಪುಣ್ಯಾತ್ಮ ಯಾರು?"

"ನಾನೇ ಸಾರ್."

ಅವರು ಕರಪತ್ರವನ್ನು ಮಡಿಸಿ ನನ್ನ ಕಡೆಗೆ ಸರಿಸಿದರು. "ಅವರ ಜೊತೆ ಪಾತ್ರ ಮಾಡಿದವರು ಇದಾರಲ್ಲ? ಫೋಟೋ ಇದ್ರೆ ಅದರ ಹಿಂದೆ ಬರೆದು ರುಜು ಹಾಕಿ ಕೊಡ್ಲಿ. ಹಳೇದು, ಹೊಸದು ಎರಡೂ ಇರ್ಲಿ, ಎಷ್ಟು ವರ್ಷದ ಸೇವೆ ಅಂತ ಗೊತ್ತಾಗ್ಬೇಕು. ನಾನು ಮೇಲಿನವರ ಮುಂದೆ ಇಡ್ತೀನಿ" ಎಂದರು.

ಫೋಟೋ! ನಮ್ಮ ಸೀಮೆಯಲ್ಲಿ ನಾಟಕದಲ್ಲಿ ಹೀರೋ ಆದವನು ವೇಷದಲ್ಲೇ ನಾಯಕಿಯ ಪಕ್ಕ ನಿಂತು ಒಂದು ಕಲರ್ ಫೋಟೋ ತೆಗೆಸಿ, ಕಟ್ಟು ಹಾಕಿಸಿ, ನಡುಮನೆಯಲ್ಲಿ ತೂಗುಹಾಕದೆ ಬಿಡುವುದಿಲ್ಲ. ಚೀಲ ಮಾರಲು ಹೋದ ಎಷ್ಟು ಮನೆಗಳಲ್ಲಿ ಅವುಗಳ ಕೆಳಗೇ ಕೂತು ನೀರು ಕುಡಿದಿದ್ದೇನೆ! ವಿಶಾಲಾಕ್ಷಮ್ಮನವರ ಸಾಕ್ಷಿ ಎರಡು ತಾಲ್ಲೂಕಿನ ಗೋಡೆಗಳ ಮೇಲಿತ್ತು.

ಮೊದಲು ಹೆಮ್ಮರಗಾಲಕ್ಕೆ ಹೋದೆ. ಅಲ್ಲಿನ ರಾಜವೇಷದ ಯಜಮಾನರು ಫೋಟೋ ಗೋಡೆಯಿಂದ ಇಳಿಸಲು ಸುತರಾಂ ಒಪ್ಪಲಿಲ್ಲ. "ಗಾಜು ಬಿರುಕು ಬಿಟ್ಟಿದೆಯಲ್ಲ, ಹೊಸಾ ಗಾಜು ಹಾಕ್ಸಿ ತಂದ್ಕೊಡ್ತೀನಿ" ಎಂದೆ. ತಕ್ಷಣ ಇಳಿಸಿಕೊಟ್ಟರು. ಆ ಉಪಾಯವನ್ನೇ ಊರೂರಿಗೂ ಬಳಸಿ, ಫೋಟೋದ ಹಿಂದೆ ಬರೆಸಿ ರುಜುವನ್ನೂ ಹಾಕಿಸಿಕೊಂಡೆ. ಎರಡು ವಾರದಲ್ಲಿ ಏಳು ಫೋಟೋ ಆದವು. ಒಂದರಲ್ಲಿ ರಾಣಿ, ಒಂದರಲ್ಲಿ ಬೇಡತಿ, ಒಂದರಲ್ಲಿ ಬಿಳಿ ಕೂದಲ ತಾಯಿ. ಮಗನ ವೇಷದವನು ಅವರಿಗಿಂತ ಹತ್ತು ವರ್ಷ ದೊಡ್ಡವನು! ಆದರೆ ಎಲ್ಲವೂ ಈಚಿನವು. ಹಳೆಯದು ಎಂದರೆ ನಮ್ಮೂರಿನ ಸಿದ್ದರಾಜುವಿನದು ಒಂದೇ. ತಿಂಗಳು ಮುಗಿಯಲು ಎರಡು ದಿನವಿದ್ದಾಗ ಅವನ ಮನೆಗೆ ಹೋದೆ.

ಫೋಟೋ ಗೋಡೆಯ ಮೇಲಿತ್ತು. ಅದರಲ್ಲಿ ಸಿದ್ದರಾಜು ಒಬ್ಬನೇ ನಿಂತಿದ್ದ. ಅವನ ಭುಜದ ಮೇಲೆ ನಾಲ್ಕು ಬೆರಳು ಮಾತ್ರ ಕಾಣುತ್ತಿತ್ತು. ಬೆರಳಿನ ಒಡತಿ ಇರಲಿಲ್ಲ.

"ಏನ್ಲಾ ಇದು?" ಎಂದೆ. ಅವನು ಹೆಂಡತಿ ದೇವೀರಮ್ಮನ ಕಡೆ ನೋಡಿ ತಲೆ ತಗ್ಗಿಸಿದ.

"ನನ್ನೇ ಕೇಳಣ್ಣ" ಎಂದಳು ದೇವೀರಮ್ಮ. "ಆಗ ನಂಗೆ ಮದ್ವೆ ಆಗಿ ಮೂರು ತಿಂಗ್ಳು. ಇನ್ನೊಬ್ಳ ಜೊತೆ ನಿಂತಿರ ಗಂಡನ್ನ ಗೋಡೆ ಮೇಲೆ ನೇತಾಕಂದು ದಿನಾ ನೋಡ್ಕಂದು ಇಟ್ಟು ತೊಳಸ್ಲಾ ನಾನು?"

ನಾನು ಎದ್ದು ಗೋಡೆಯ ಹತ್ತಿರ ಹೋದೆ. "ಅರ್ಧ ಹರಿದಾಕ್ಬಿಟ್ಯೇನವ್ವ?"

"ಏ, ಕಾಸು ಕೊಟ್ಟು ತಗ್ಸಿರ ಪೋಟವ ಯಾರಾರ ಅರೀತಾರಾ? ಮಡಿಚಿ ಇಂದಕ್ಕೆ ಆಕಿವ್ನಿ. ಯಾಕೆ, ಈಗೇನಾಯ್ತು?"

ವಿಷಯ ಹೇಳಿದೆ. ಅವಳು ಕೇಳುತ್ತಾ ಕೇಳುತ್ತಾ ಸೊಂಟಕ್ಕೆ ಸೆರಗು ಸಿಕ್ಕಿಸಿದಳು. "ಪಿಂಚಣ್ಗಾ? ಅದ ಮೊದ್ಲೇ ಯೋಳದಲ್ವಾ!" ಎಂದು ತಾನೇ ಸ್ಟೂಲು ಹತ್ತಿ ಇಳಿಸಿ, ಕುಡುಗೋಲಿನ ತುದಿಯಿಂದ ಕಟ್ಟಿನ ಮೊಳೆ ಎಬ್ಬಿಸಿದಳು. ಒಳಗೆ ಹೋಗಿದ್ದ ಅರ್ಧವನ್ನು ಹುಷಾರಾಗಿ ಬಿಡಿಸಿದಳು.

ಮೂವರೂ ಬಾಗಿ ನೋಡಿದೆವು. ಹದಿನೈದು ವರ್ಷದ ಬಿಸಿಲಿಗೆ ಸಿದ್ದರಾಜು ಮಜ್ಜಿಗೆಯಂತೆ ಬೆಳ್ಳಗಾಗಿದ್ದ. ಮೀಸೆ ಎಲ್ಲಿ ಮುಗಿದು ತುಟಿ ಎಲ್ಲಿ ಶುರುವಾಗುತ್ತದೆಂದು ತಿಳಿಯುತ್ತಿರಲಿಲ್ಲ. ಮಡಿಸಿಟ್ಟ ಕಡೆ ಬೆಳಕೇ ಬಿದ್ದಿರಲಿಲ್ಲ. ಅಲ್ಲಿ ವಿಶಾಲಾಕ್ಷಮ್ಮ, ಕೆಂಪು ಸೀರೆ, ಹಸಿರು ಬಳೆ, ಹಣೆಯ ಮೇಲಿನ ಬೆವರು ಸಹ ನಿನ್ನೆಯದೆಂಬಂತೆ, ನಮ್ಮನ್ನು ನೋಡುತ್ತಿದ್ದರು.

"ಇದೇನ್ಲಾ ನಾನ್ ಇಂಗೆ ಅಳಸೋಗಿವ್ನಿ!" ಎಂದ ಸಿದ್ದರಾಜು.

ದೇವೀರಮ್ಮ ಬಹಳ ಹೊತ್ತು ನೋಡಿದಳು. "ನಾನೇ ಕಾಪಾಡ್ದಂಗಾಯ್ತಲ್ಲಣ್ಣ ಇವ್ರನ್ನ" ಎಂದಳು. ಸಿದ್ದರಾಜು ಫೋಟೋದ ಹಿಂದೆ ಹೆಸರು, ಊರು, ನಾಟಕ ಆಡಿದ ವರ್ಷ ಬರೆದು ರುಜು ಹಾಕಿದ. ಅವಳು ಪೆನ್ನು ಕಿತ್ತುಕೊಂಡು ಅದರ ಕೆಳಗೆ ತನ್ನ ಹೆಸರನ್ನೂ ಒಂದೊಂದೇ ಅಕ್ಷರ ಕೂಡಿಸಿ ಬರೆದಳು. "ಸಾಕ್ಷಿ ಅಂತ ಆಕು. ಎಂಗಸ್ರು ಯೋಳುದ್ರೆ ನಂಬ್ತಾರೆ."

ಎಂಟು ಫೋಟೋಗಳನ್ನು ಗುಮಾಸ್ತರ ಮೇಜಿನ ಮೇಲೆ ಸಾಲಾಗಿ ಇಟ್ಟೆ. ಅವರು ಒಂದೊಂದನ್ನೇ ತಿರುಗಿಸಿ ಹಿಂದಿನದು ಓದಿ, ಮತ್ತೆ ಮುಂದಿನದು ನೋಡಿದರು. "ಇವರೆಲ್ಲ ಒಬ್ಬರೇನಾ?" ಎಂದು ಕೇಳಿದರು. ನಾನು ಉತ್ತರ ಕೊಡುವ ಮೊದಲೇ ಅವರೇ ತಲೆ ಅಲ್ಲಾಡಿಸಿ, ಹಿಂದೆ ಮುಂದೆ ಜೆರಾಕ್ಸ್ ತೆಗೆಸಿ ಫೈಲಿಗೆ ಹಾಕಿಕೊಂಡು, ಫೋಟೋಗಳನ್ನು ನನಗೆ ವಾಪಸು ಕೊಟ್ಟರು.

ಮಂಜೂರಾತಿಯ ಕಾಗದ ಬಂದ ದಿನ ವಿಶಾಲಾಕ್ಷಮ್ಮ ಹೇಳಿ ಕಳಿಸಿದರು. ನಾನು ಹೋಗುತ್ತಲೇ, "ಮೊದಲು ನಾಲ್ಕು ಜೆರಾಕ್ಸ್ ಮಾಡ್ಸಿಡಿ" ಎಂದೆ. ಅವರು ಕೈಯೆತ್ತಿ ನನ್ನನ್ನು ಸುಮ್ಮನಾಗಿಸಿ, ಸ್ಟೂಲು ತೋರಿಸಿ ಕೂರಲು ಹೇಳಿದರು. ಗೋಡೆ ಹಿಡಿದು ಎದ್ದು ನಿಂತು ಕಾಗದದಲ್ಲಿದ್ದ ಒಂದೇ ಸಾಲನ್ನು ಓದಿದರು: "ಶ್ರೀಮತಿ ವಿಶಾಲಾಕ್ಷಿ, ರಂಗಭೂಮಿ ಕಲಾವಿದೆ, ನಂಜನಗೂಡು." ಮೊದಲು ಗುಮಾಸ್ತರ ದನಿಯಲ್ಲಿ. ಆಮೇಲೆ ಮೈಕಿನವನ ದನಿಯಲ್ಲಿ, ಕೊನೆಯ ಅಕ್ಷರ ಎಳೆದು. ಆಮೇಲೆ ರಾಣಿಯ ಮುಂದೆ ಬಗ್ಗಿದ ಸೇವಕನಾಗಿ. ಮಗಳನ್ನು ಶಾಲೆಗೆ ಸೇರಿಸುತ್ತಾ ಅವಳ ಹೆಸರನ್ನು ಮೊದಲ ಸಲ ಬರೆಸುವ ತಾಯಿಯಾಗಿ. ಕೊನೆಗೆ ಯಾರ ದನಿಯೂ ಅಲ್ಲದ ಒಂದು ದನಿಯಲ್ಲಿ ಓದಿದರು. ಅದನ್ನು ನಾನು ಅಲ್ಲಿಯವರೆಗೆ ಕೇಳಿರಲಿಲ್ಲ. ಅಷ್ಟು ವರ್ಷದ ಪರಿಚಯದಲ್ಲಿ ಆಗಲೇ ಅವರ ಸ್ವಂತ ದನಿ ಕೇಳಿದ್ದು ಅನ್ನಿಸಿತು. ಇರುವ ಒಬ್ಬನೇ ಪ್ರೇಕ್ಷಕ ನಾನು, ಎದ್ದು ನಿಂತು ಚಪ್ಪಾಳೆ ಹೊಡೆದೆ.

ಈಗ ನಿಮಗೆ ಎರಡು ಮಾತು ಹೇಳುತ್ತೇನೆ, ಬರೆದಿಟ್ಟುಕೊಳ್ಳಿ. ನಿಮ್ಮೂರಲ್ಲಿ ನಾಟಕ ಆಡಿಸುವುದಾದರೆ ಮೈಕಿನವನ ಹತ್ತಿರ ಚೌಕಾಸಿ ಮಾಡಿ, ಶಾಮಿಯಾನದವನ ಹತ್ತಿರ ಮಾಡಿ, ಜನರೇಟರಿನವನಂತೂ ಹೇಳಿದ್ದರಲ್ಲಿ ಅರ್ಧ ಕೇಳಿ, ಕೊಡುತ್ತಾನೆ. ಮೂರನೇ ಅಂಕವನ್ನು ಓದಿಯೇ ಕಲಾವಿದೆಯರನ್ನು ಗೊತ್ತುಮಾಡಿ. ಅವರನ್ನು ಗೊತ್ತುಮಾಡಿದ ಮೇಲೆಯೇ ಕರಪತ್ರಕ್ಕೆ ಕೈಹಾಕಿ. ಫೋಟೋ ತೆಗೆಸಿದರೆ ಹಿಂದೆ ಎಲ್ಲರ ಹೆಸರನ್ನೂ ಪೆನ್ಸಿಲಿನಲ್ಲಿ ಬರೆಯಿರಿ, ಇಂಕು ಮುಂದಕ್ಕೆ ಇಳಿಯುತ್ತದೆ. ಬಿಸಿಲು ಬೀಳುವ ಗೋಡೆಗೆ ಹಾಕಬೇಡಿ. ಕರಪತ್ರದಲ್ಲಿ 'ಪ್ರಖ್ಯಾತ', 'ಇತರರು' ಎಂದೆಲ್ಲ ಹಾಕಿಸಿ ಜಾಗ ಉಳಿಸಲು ಹೋಗಬೇಡಿ. ಮೊನ್ನೆ ಆ ಕರಪತ್ರ ಹಾಕಿಸಿದ್ದ ಅಚ್ಚಿನ ಮನೆಗೇ ಹೋಗಿ, ಒಂದು ಹೆಸರು ಹೆಚ್ಚಿಗೆ ಸೇರಿಸಿದರೆ ಎಷ್ಟಾಗುತ್ತದೆಂದು ವಿಚಾರಿಸಿಕೊಂಡು ಬಂದಿದ್ದೇನೆ. ಏನೂ ಇಲ್ಲವಂತೆ.